ಮಗಳಿಗೊಂದು ಪತ್ರ: ಒಂದೂವರೆ ಅಡಿ ಜಗುಲಿ

ಪುಟ್ಟೀ,

ನಿನ್ನೆ ಫೋನು ಅರ್ಧಕ್ಕೇ ಕಟ್ಟಾಯಿತು. ಮಳೆ ಹಿಡಿದರೆ ತೀರ್ಥಹಳ್ಳಿಯ ಈ ಮೂಲೆಗೆ ಸಿಗ್ನಲ್ ಎಲ್ಲಿಯದು? ಅದಕ್ಕೇ ಬರೆಯುತ್ತಿದ್ದೇನೆ.

ನಿನ್ನ ಸಮಾಜಕಾರ್ಯದ ಕೆಲಸದ ಮಾತು ಬಂತಲ್ಲ, ಅಡಿಕೆ ಮರದಿಂದ ಬಿದ್ದು ಸೊಂಟದ ಕೆಳಗೆ ಸ್ವಾಧೀನ ಕಳೆದುಕೊಂಡ, ಅಡಿಕೆ ಗೊನೆ ಕೊಯ್ಯುವ ಕೊನೆಗಾರನ ಮನೆಗೆ ಗಾಲಿಕುರ್ಚಿ ಏರಲು ರ‍್ಯಾಂಪ್ ಆಗಬೇಕು ಅಂದೆ. ಹೆಸರು ನೀನು ಹೇಳಲಿಲ್ಲ, ನಾನು ಕೇಳುವುದೂ ಇಲ್ಲ. ಆದರೆ ಜಗುಲಿ ಒಂದೂವರೆ ಅಡಿ ಎತ್ತರ ಅಂದೆಯಲ್ಲ, ಅಲ್ಲಿ ನನ್ನ ಬಡಗಿ ಬುದ್ಧಿ ಎದ್ದು ಕೂತಿತು. ಒಂದು ಇಂಚು ಏರಲು 12 ಇಂಚು ಉದ್ದ ಬೇಕು. ಅಂದರೆ 18 ಅಡಿ ಇಳಿಜಾರು. ಅಂಗಳ ಅಷ್ಟಿದೆಯೇ? ಇಲ್ಲದಿದ್ದರೆ ನಡುವೆ ಸಮತಟ್ಟು ಜಾಗ ಬಿಟ್ಟು ತಿರುಗಿಸಬೇಕು. ಗಾರೆ ನುಣ್ಣಗೆ ಎಳೆಯಲು ಬಿಡಬೇಡ. ಆಷಾಢದಲ್ಲಿ ಪಾಚಿ ಕಟ್ಟಿದರೆ ಗಾಲಿಕುರ್ಚಿಯೂ ತಳ್ಳುವವಳೂ ಒಟ್ಟಿಗೇ ಅಂಗಳಕ್ಕೆ. ನಾವು ಹಾಸುವ ಅಡಿಕೆ ದಬ್ಬೆ ಕಾಲಿಗೆ ಸರಿ, ಗಾಲಿಗಲ್ಲ. ಹೊಸಿಲನ್ನೂ ಬಾಗಿಲ ಅಗಲವನ್ನೂ ಅಳೆ. ಹಳೇ ಮನೆಗಳಲ್ಲಿ ಕುರ್ಚಿ ಸಿಕ್ಕಿಕೊಳ್ಳುವುದು ಅಲ್ಲೇ.

ಫಾರಂನಲ್ಲಿ ‘ಶೌಚಾಲಯ ಇದೆ’ ಎಂದು ಗುರುತು ಹಾಕಿದೆ ಅಂದೆ. ಇದೆ, ಸರಿ. ಅಂಗಳ ದಾಟಿ, ಕೊಟ್ಟಿಗೆಯ ಹಿಂದೆ! ರಾತ್ರಿ ಮಳೆಯಲ್ಲಿ ಅವನು ಅಲ್ಲಿಗೆ ಹೇಗೆ ಹೋಗುತ್ತಾನೆ? ಬೆಳಿಗ್ಗೆ ಕಣ್ಣು ಬಿಟ್ಟಲ್ಲಿಂದ ಮಲಗುವವರೆಗೆ ಏನೇನಾಗುತ್ತದೆ ಎಂದು ಅವನನ್ನೇ ಕೇಳು. ಹೆಂಡತಿಯನ್ನು ಬೇರೆಯಾಗಿ ಕೇಳು. ದಿನಾ ಅವನನ್ನು ಎತ್ತಿ ಇಳಿಸುವುದು ಅವಳ ಬೆನ್ನು.

ಶಂಕರಘಟ್ಟದ ವಿಶ್ವವಿದ್ಯಾಲಯದಲ್ಲಿ ಓದುವಾಗ ನೀನು ತೋರಿಸಿದ್ದ ಇಕೋಮ್ಯಾಪ್, ಒಂದು ಮನೆಯ ಸಂಬಂಧಗಳ ನಕ್ಷೆ, ನೆನಪಿದೆ. ನಡುವೆ ಮನೆಯವರ ವೃತ್ತ, ಸುತ್ತ ನೆಂಟರು, ಆಸ್ಪತ್ರೆ, ಪಂಚಾಯ್ತಿ. ಗಟ್ಟಿ ಸಂಬಂಧಕ್ಕೆ ದಪ್ಪ ಗೆರೆ, ತಿಕ್ಕಾಟಕ್ಕೆ ಅಂಕುಡೊಂಕು ಗೆರೆ. 1975ರಲ್ಲಿ ಆನ್ ಹಾರ್ಟ್‌ಮನ್ ಎಂಬಾಕೆ ಮಾಡಿದ್ದು ಅಂದಿದ್ದೆ. ಅಮೆರಿಕದ ಆಯಮ್ಮನಿಗೆ ಹಳ್ಳ ದಾಟುವ ನಮ್ಮ ಕಾಲುಸಂಕ ಗೊತ್ತಿರಲಿಕ್ಕಿಲ್ಲ. ಅದನ್ನೂ ಬರೆದುಕೋ. ಹಳ್ಳ ಉಕ್ಕಿ ಸಂಕ ಮುಳುಗಿದ ದಿನ ನಿನ್ನ ದಪ್ಪ ಗೆರೆಗಳೂ ಆಚೆ ದಡದಲ್ಲೇ ಉಳಿಯುತ್ತವೆ.

ದುಡ್ಡಿನ ದಾರಿ ನಿನಗೇ ಗೊತ್ತು. ಪಂಚಾಯ್ತಿಯಲ್ಲಿ ಅಂಗವಿಕಲರಿಗೆಂದೇ ಶೇ 5ರ ಹಣವಿರುತ್ತದೆ, ಬಿಡಬೇಡ.

ಅವನಿಗೆ ಒಳಕೋಣೆ ಬೇಡವಂತೆ, ಅಡಿಕೆ ಸುಲಿಯುವವರ ನಡುವೆ ಜಗುಲಿಯಲ್ಲಿ ಕೂರಬೇಕಂತೆ ಎಂದು ನೀನು ಹೇಳುವಾಗಲೇ ಫೋನು ಹೋಯಿತು. ರಾತ್ರಿಯೆಲ್ಲ ಅದೇ ತಲೆಯಲ್ಲಿ. ಕೈ ಗಟ್ಟಿಯಿದೆಯಲ್ಲ? ಅಡಿಕೆ ಸುಲಿಯುವ ಮೆಟ್ಟುಗತ್ತಿಯನ್ನು ಮೆಟ್ಟಿ ಹಿಡಿಯಲು ಕಾಲಿಗೆ ಬಲವಿಲ್ಲ, ಅಷ್ಟೇ. ಕತ್ತಿಯನ್ನು ಹಲಸಿನ ಹಲಗೆಗೆ ಬೋಲ್ಟ್ ಹಾಕಿ ಅಲುಗಾಡದಂತೆ ಕೂರಿಸಿಕೊಡಬಲ್ಲೆ. ಮೊದಲು ಅವನಿಗೆ ಬೇಕೋ ಕೇಳು. ಹೂಂ ಅಂದರೆ, ಕುರ್ಚಿಯಲ್ಲಿ ಕೂತಾಗ ಮೊಣಕೈ ನೆಲದಿಂದ ಎಷ್ಟು ಇಂಚು ಎಂದು ಅಳೆದು ಕಳಿಸು. ಸುಲಿ ಶುರುವಾಗುವ ಹೊತ್ತಿಗೆ ತಯಾರಿರುತ್ತದೆ.

ನಿನ್ನ ಅಪ್ಪಯ್ಯ