ಕೋಚ್ ಆದ ಪೈಲ್ವಾನರ ಬಗ್ಗೆನೂ ಬರೀರಿ

ಸಂಪಾದಕರೇ, ನಮಸ್ಕಾರ. ಕುಸ್ತಿಲಿ ಮೆಡಲ್ ಬಂದಾಗೆಲ್ಲ ಗೆದ್ದವರ ಫೋಟೋ ದೊಡ್ಡದಾಗಿ ಹಾಕ್ತೀರಿ, ಖುಷಿನೇ, ಆದ್ರೆ ಅವರನ್ನ ತಯಾರು ಮಾಡಿದ ಸತ್ಪಾಲ್ ಸಿಂಗ್ ಅಂಥವರಿಗೂ ಒಂದು ಪುಟ ಕೊಡಿ. ಗುರು ಹನುಮಾನ್ ಅಖಾಡದಲ್ಲಿ ಬೆಳೆದು 1982ರ ದೆಹಲಿ ಏಷ್ಯನ್ ಗೇಮ್ಸಲ್ಲಿ ಫ್ರೀಸ್ಟೈಲ್ 100 ಕೆಜಿ ಚಿನ್ನ ಗೆದ್ದವರು, ಆಮೇಲೆ ಮನೇಲಿ ಕೂರದೆ ಛತ್ರಸಾಲ್ ಸ್ಟೇಡಿಯಂನಲ್ಲಿ ಹುಡುಗರಿಗೆ ಪಟ್ಟು ಹೇಳ್ಕೊಡ್ತಾ ಬಂದ್ರು, ಅವರ ಕೈಲಿ ಪಳಗಿದ ಸುಶೀಲ್ ಕುಮಾರ್ 2008ರಲ್ಲಿ ಬೀಜಿಂಗಿಂದ ಕಂಚು, 2012ರಲ್ಲಿ ಲಂಡನ್ನಿಂದ ಬೆಳ್ಳಿ ತಂದ್ರು. 1952ರಲ್ಲಿ ಕೆ.ಡಿ. ಜಾಧವ್ ಗೆದ್ದ ಮೇಲೆ ಕುಸ್ತಿಗೆ ಇನ್ನೊಂದು ಒಲಿಂಪಿಕ್ ಪದಕ ಬಂದಿದ್ದು 56 ವರ್ಷಕ್ಕೆ!

ನಮ್ಮ ಕೊಡಗಲ್ಲಿ ಹಾಕಿ ಅಂದ್ರೆ ಜೀವ, ನಂಗೂ ಅಷ್ಟೇ. ಆದ್ರೆ ಜೂನಲ್ಲಿ ಮಳೆ ಹಿಡೀತು ಅಂದ್ರೆ ಗ್ರೌಂಡೆಲ್ಲ ಕೆಸರು, ಮಕ್ಕಳು ತಿಂಗಳುಗಟ್ಲೆ ಒಳಗೇ ಕೂರ್ತಾರೆ. ಕುಸ್ತಿಗೆ ಒಂದು ಹಾಲ್, ಒಂದು ಮ್ಯಾಟ್, ಹೇಳ್ಕೊಡೋಕೆ ಒಬ್ರು ಅನುಭವಸ್ಥರು ಇದ್ರೆ ಶುರು ಮಾಡ್ಬಹುದು. ನನ್ನ ತಂಗಿ ಮಗಳಿಗೆ ಕಲಿಯೋ ಆಸೆ ತುಂಬ, ಕೇಳಿದ ಕಡೆಯೆಲ್ಲ ಕೋಚ್ ಇಲ್ಲ ಅಂದ್ರು, ಅವಳ ಮುಖ ನೋಡೋಕಾಗ್ಲಿಲ್ಲ. ದಾವಣಗೆರೆ, ಧಾರವಾಡದ ಕಡೆ ಆಟ ಬಿಟ್ಟ ಪೈಲ್ವಾನರಿದ್ದಾರಲ್ಲ, ಅವರನ್ನ ಕ್ರೀಡಾ ಇಲಾಖೆಯವರು ಈ ಮಳೆಗಾಲಕ್ಕಾದ್ರೂ ಮಡಿಕೇರಿಗೆ ಕರೆಸ್ಲಿ.

– ಒಬ್ಬ ಓದುಗ, ಸೋಮವಾರಪೇಟೆ