ಕ್ಯಾಮೆರಾ ಸಾಲದ ವಿಷಯವಾಗಿ ಪುಟ್ಟಿಗೆ

ಪ್ರೀತಿಯ ಪುಟ್ಟಿಗೆ ಮಾವನ ಆಶೀರ್ವಾದಗಳು.

ನಾವೆಲ್ಲ ಇಲ್ಲಿ ಕ್ಷೇಮ. ಸಾಗರದಲ್ಲಿ ಮಳೆ ಇನ್ನೂ ಬಿಟ್ಟಿಲ್ಲ. ಅಜ್ಜಿಗೆ ಮಂಡಿ ನೋವು ಹಾಗೇ ಇದೆ, ಬಾಯಿ ಮಾತ್ರ ಮೊದಲಿನ ಹಾಗೇ ಜೋರು. ಭಾನುವಾರ ನಿನ್ನ ಅಮ್ಮ ಫೋನ್ ಮಾಡಿ ಒಂದು ಗಂಟೆ ಅತ್ತಳು. ‘ಅಣ್ಣಾ, ಇರೋ ಕೆಲಸ ಬಿಟ್ಟು ಡಾಕ್ಯುಮೆಂಟರಿ ಮಾಡ್ತಾಳಂತೆ, ಐದು ಲಕ್ಷ ಸಾಲ ಮಾಡಿ ಕ್ಯಾಮೆರಾ ತಗೋತಾಳಂತೆ, ನೀನೇ ಬುದ್ಧಿ ಹೇಳು’ ಅಂದಳು. ಎರಡು ದಿನ ಬಿಟ್ಟು ನಿನ್ನ ಮೆಸೇಜು ಬಂತು, ಜಾಮೀನಿಗೆ ಸಹಿ ಹಾಕ್ತೀರಾ ಮಾವ ಅಂತ. ಜೊತೆಗೆ ಒಂದು ಹಳೇ ಕಪ್ಪು-ಬಿಳುಪು ಫೋಟೊ. ಕೆಳಗೆ, ‘ಇದನ್ನು ತೆಗೆದವನ ಥರ ಆಗಬೇಕು ನಾನು’.

ಫೋನಿನಲ್ಲಿ ಮಾತಾಡಿದರೆ ಇಬ್ಬರಿಗೂ ಜಗಳ ಆಗುತ್ತೆ. ಅದಕ್ಕೇ ಬರೆಯುತ್ತಿದ್ದೇನೆ. ಸಹಿ ವಿಷಯ ಕೊನೆಗೆ ಹೇಳುತ್ತೇನೆ. ಮೊದಲು ಆ ಮನುಷ್ಯನ ವಿಷಯ. ಯಾರ ಥರ ಆಗಬೇಕು ಅಂತೀಯೋ ಅವನು ಏನು ಮಾಡಿದ ಅಂತ ಗೊತ್ತಿರಬೇಕಲ್ವಾ? ಹತ್ತು ಹದಿನೈದು ರಾತ್ರಿ ಕೂತು ಓದಿದೆ. ರಿಟೈರ್ ಆದವನಿಗೆ ಇನ್ನೇನು ಕೆಲಸ.

ಅವನ ಹೆಸರು ಯೊಹಾನ್ನೆಸ್ ಪ್ಯಾಸುಕೆ. ಯುರೋಪಿನಲ್ಲಿ ರಷ್ಯಾದ ಪಕ್ಕ ಇರುವ ಎಸ್ಟೋನಿಯಾದವನು. ಈಗ ಇಡೀ ಆ ದೇಶಕ್ಕೆ 13 ಲಕ್ಷ ಚಿಲ್ಲರೆ ಜನ. ನಮ್ಮ ಶಿವಮೊಗ್ಗ ಜಿಲ್ಲೆಯಲ್ಲೇ ಅದಕ್ಕಿಂತ ಜಾಸ್ತಿ ಇದ್ದೇವೆ. ಪ್ಯಾಸುಕೆ ಅಂದರೆ ಅವರ ಭಾಷೆಯಲ್ಲಿ ಅಂಬರಗುಬ್ಬಿ. ಚಳಿಗಾಲದಲ್ಲಿ ನಮ್ಮ ಗದ್ದೆ ಬಯಲಿನ ಕರೆಂಟು ತಂತಿ ಮೇಲೆ ಸಾಲಾಗಿ ಕೂರುತ್ತವಲ್ಲ, ಬಾಲ ಕವಲಾಗಿರುವ ಹಕ್ಕಿ, ಅದೇ. ಅವರಿಗೆ ಅದು ರಾಷ್ಟ್ರೀಯ ಪಕ್ಷಿ. ಆ ಹೆಸರಿನವನು ತೆಗೆದ ಮೊದಲ ಸಿನಿಮಾ ಕೂಡ ಹಾರಾಟದ್ದೇ ಆಯಿತು ನೋಡು. 1912ರ ಏಪ್ರಿಲ್. ಉತೋಚ್ಕಿನ್ ಅನ್ನುವ ರಷ್ಯಾದ ವಿಮಾನ ಹಾರಿಸುವವನು ತಾರ್ತು ಪಟ್ಟಣಕ್ಕೆ ಬಂದಿದ್ದ. ಊರಿಗೆ ಊರೇ ತಲೆಯೆತ್ತಿ ವಿಮಾನ ನೋಡುತ್ತಿದ್ದಾಗ ಈ ಹುಡುಗ ಕ್ಯಾಮೆರಾದ ಹಿಡಿ ತಿರುಗಿಸುತ್ತಿದ್ದ. ಆಗಷ್ಟೇ ಅವನಿಗೆ 20 ತುಂಬಿತ್ತು. ಎಸ್ಟೋನಿಯಾದ ಸಿನಿಮಾ ಶುರುವಾಗಿದ್ದು ಅಲ್ಲಿಂದ ಅಂತ ಅವರು ಲೆಕ್ಕ ಹಿಡಿಯುತ್ತಾರೆ. 2012ರಲ್ಲಿ ನೂರು ವರ್ಷದ ಹಬ್ಬವನ್ನೂ ಮಾಡಿದರು.

ಆಗ ಎಸ್ಟೋನಿಯಾ ಅನ್ನುವ ದೇಶವೇ ಇರಲಿಲ್ಲ. ಆಳುವವನು ರಷ್ಯಾದ ಚಕ್ರವರ್ತಿ, ದೊಡ್ಡ ದೊಡ್ಡ ಜಮೀನೆಲ್ಲ ಜರ್ಮನ್ ಮೂಲದ ಜಮೀನ್ದಾರರದ್ದು. ಎಸ್ಟೋನಿಯನ್ನರಿಗೆ ತಮ್ಮದು ಅಂತ ಇದ್ದಿದ್ದು ಭಾಷೆ, ಹಾಡು, ಹಳ್ಳಿ ಮನೆಯ ಸಾಮಾನು. ಅವೂ ಕಣ್ಣೆದುರೇ ಹೋಗುತ್ತಿದ್ದವು. ಅದಕ್ಕೆ 1909ರಲ್ಲಿ ತಾರ್ತುವಿನಲ್ಲಿ ಒಂದು ಮ್ಯೂಸಿಯಂ ಕಟ್ಟಿದರು, ಎಸ್ಟೋನಿಯನ್ ರಾಷ್ಟ್ರೀಯ ಮ್ಯೂಸಿಯಂ. ದೇಶ ಹುಟ್ಟುವ ಮೊದಲೇ ರಾಷ್ಟ್ರೀಯ ಮ್ಯೂಸಿಯಂ! ಅದಕ್ಕಾಗಿ ಜನ ಹಳ್ಳಿ ಹಳ್ಳಿ ತಿರುಗಿ ಹಳೇ ಲಂಗ, ಕೈಗವಸು, ಮರದ ಲೋಟ, ಎಲ್ಲ ಒಟ್ಟುಮಾಡಿದರು. ಪ್ಯಾಸುಕೆ ಆ ಮ್ಯೂಸಿಯಂಗಾಗಿ ಕ್ಯಾಮೆರಾ ಹೊತ್ತು ಹೊರಟ. ಎರಡು ಮೂರು ವರ್ಷದಲ್ಲಿ ಸುಮಾರು 1300 ಫೋಟೊ.

ಈಗಿನವರಿಗೆ 1300 ಅಂದರೆ ಒಂದು ಮದುವೆಯ ಲೆಕ್ಕ. ಅದರಲ್ಲೂ ಆರತಕ್ಷತೆಯದ್ದೇ ಅರ್ಧ. ಆಗ ಪ್ರತಿ ಫೋಟೊಗೂ ಒಂದು ಗಾಜಿನ ಪ್ಲೇಟು. ಒಡೆಯಬಾರದು, ಬೆಳಕು ತಾಗಬಾರದು, ಒದ್ದೆಯಾಗಬಾರದು. ಹಳ್ಳಿ ರಸ್ತೆ. ಸಿನಿಮಾ ಕ್ಯಾಮೆರಾ ಬೇರೆ. ಮರದ ಪೆಟ್ಟಿಗೆ, ಮರದ ಸ್ಟ್ಯಾಂಡು, ಮೋಟಾರ್ ಇಲ್ಲ. ಹಿಡಿಯನ್ನು ಸೆಕೆಂಡಿಗೆ ಎರಡು ಸುತ್ತು ತಿರುಗಿಸಬೇಕು. ಒಂದು ಸುತ್ತಿಗೆ ಎಂಟು ಚಿತ್ರ. ಕೈ ನಿಧಾನ ಆಯಿತೋ, ಪರದೆ ಮೇಲೆ ಜನ ಓಡುತ್ತಾರೆ. ಆ ಕಾಲದ ಕ್ಯಾಮೆರಾದವರು ತಾಳ ತಪ್ಪದಿರಲಿ ಅಂತ ಮನಸ್ಸಿನಲ್ಲೇ ಒಂದು ಮೆರವಣಿಗೆ ಹಾಡು ಗುನುಗುತ್ತಿದ್ದರಂತೆ. ಇದನ್ನು ಓದಿದಾಗ ನನಗೆ ನಗು ಬಂತು. ನನ್ನ ಫೋಟೊ ಸ್ಟುಡಿಯೊದ ಡಾರ್ಕ್ ರೂಮಿನಲ್ಲಿ ಪ್ರಿಂಟಿಗೆ ಬೆಳಕು ಬಿಡುವಾಗ ನಾನೂ ಹಾಗೇ, ಒಂದರಿಂದ ಹನ್ನೆರಡು ಎಣಿಸುವ ಬದಲು ಒಂದು ದೇವರನಾಮದ ಪಲ್ಲವಿ ಹೇಳಿಕೊಳ್ಳುತ್ತಿದ್ದೆ. ಪಲ್ಲವಿ ಮುಗಿಯಿತು, ಸ್ವಿಚ್ ಆಫ್.

1913ರಲ್ಲಿ ಹಾರಿ ವೋಲ್ಟರ್ ಅನ್ನುವ ಜೊತೆಗಾರನನ್ನು ಕರೆದುಕೊಂಡು ಸೆಟೊಮಾ ಅನ್ನುವ ಕಡೆಗೆ ಹೋದ. ಅದು ದೇಶದ ಆಗ್ನೇಯ ಮೂಲೆ. ಅಲ್ಲಿನ ಸೆಟೊ ಜನರ ಮಾತು, ಉಡುಪು, ದೇವರು, ಎಲ್ಲ ಸ್ವಲ್ಪ ಬೇರೆ. ಹೆಂಗಸರು ಎದೆ ಮೇಲೆ ತಟ್ಟೆಯಷ್ಟು ದೊಡ್ಡ ಬೆಳ್ಳಿ ಬಿಲ್ಲೆ ಹಾಕುತ್ತಾರೆ. ಒಬ್ಬಳು ಸಾಲು ಎತ್ತಿಕೊಟ್ಟರೆ ಉಳಿದವರು ಒಟ್ಟಿಗೆ ಹಾಡುತ್ತಾರೆ, ನಮ್ಮ ಸೋಬಾನೆ ಹಾಡಿನ ಹಾಗೆ. ಅದರ ಹೆಸರು ಲೇಲೊ. 2009ರಲ್ಲಿ ಯುನೆಸ್ಕೊ ಅದನ್ನು ತನ್ನ ಪರಂಪರೆಯ ಪಟ್ಟಿಗೆ ಸೇರಿಸಿಕೊಂಡಿತು. ಪ್ಯಾಸುಕೆ ಹೋದಾಗ ಅದಕ್ಕೆ ಯಾವ ಪಟ್ಟಿಯೂ ಇರಲಿಲ್ಲ. ಪಟ್ಟಣದವರ ಕಣ್ಣಿಗೆ ಅವರು ಮೂಲೆಯ ಹಳ್ಳಿಯವರು, ಅಷ್ಟೇ. ಈಗ ಆ ಸೆಟೊಮಾದ ನಡುವೆ ಎಸ್ಟೋನಿಯಾ-ರಷ್ಯಾ ಗಡಿ ಹಾದುಹೋಗಿದೆ. ಅವರ ಪೇಟೆ ಊರು ಪೆಟ್ಸೆರಿ ಗಡಿಯಾಚೆ ಉಳಿದಿದೆ. ಒಂದೇ ಬಳಗ, ಎರಡು ದೇಶ. ಅವನ ಕ್ಯಾಮೆರಾದಲ್ಲಿ ಮಾತ್ರ ಅದಿನ್ನೂ ಒಂದೇ.

ಈಗ ನಾನು ಮಾಡಿದ ಪಾಪ ಹೇಳುತ್ತೇನೆ. ನಿನ್ನ ಅಮ್ಮನಿಗೂ ಪೂರ್ತಿ ಗೊತ್ತಿಲ್ಲ.

ನಾನು ಸ್ಟುಡಿಯೊ ಹಾಕಿದ್ದು 1979ರಲ್ಲಿ. ಇಪ್ಪತ್ತು ವರ್ಷದ ನೆಗೆಟಿವ್ ಒಳಕೋಣೆಯ ಕಪಾಟಿನಲ್ಲಿ ತುಂಬಿಹೋಗಿತ್ತು. ಮದುವೆ, ನಾಮಕರಣ, ಜಾತ್ರೆ, ಯಕ್ಷಗಾನದ ಚೌಕಿ, ಅಡಿಕೆ ಸುಲಿಯುವ ಹೆಂಗಸರು, ಮುಳುಗಡೆ ಊರುಗಳಿಂದ ಬಂದವರ ಪಾಸ್‌ಪೋರ್ಟ್ ಸೈಜು. 1999ರಲ್ಲಿ ಬೆಳ್ಳಿ ತೆಗೆಯುವವನು ಒಬ್ಬ ಬಂದ. ಫೋಟೊ ತೊಳೆದ ಹಳೇ ಹೈಪೊ ದ್ರಾವಣ, ಎಕ್ಸ್‌ರೇ ಫಿಲ್ಮು, ನೆಗೆಟಿವ್, ಎಲ್ಲ ಕೊಳ್ಳುತ್ತಿದ್ದ. ಕಪ್ಪು-ಬಿಳುಪು ನೆಗೆಟಿವ್‌ನಲ್ಲಿ ಬೆಳ್ಳಿ ಇರುತ್ತಲ್ಲ, ಅದಕ್ಕೆ. ಗೋಣಿಚೀಲಕ್ಕೆ ತುಂಬಿ ತಕ್ಕಡಿಗೆ ಹಾಕಿದ. ಹತ್ತೊಂಬತ್ತು ಕಿಲೊ. ಬಂದ ದುಡ್ಡಿನಲ್ಲಿ ಅಂಗಡಿಗೆ ಹೊಸ ಸೀಲಿಂಗ್ ಫ್ಯಾನ್ ಹಾಕಿಸಿದೆ. ಫ್ಯಾನು ಇವತ್ತೂ ತಿರುಗುತ್ತಿದೆ. ನನಗೆ ಅದರ ಕೆಳಗೆ ಕೂರಲು ಆಗುವುದಿಲ್ಲ.

ಯಾಕೆ ಕೊಟ್ಟೆ ಅಂತ ಎಷ್ಟೋ ಸಲ ಯೋಚಿಸಿದ್ದೇನೆ. ದುಡ್ಡಿನ ಆಸೆ ಅಷ್ಟೇನೂ ಇರಲಿಲ್ಲ. ಆ ಕವರುಗಳ ಮೇಲೆ ಬಿಲ್ ನಂಬರ್ ಬಿಟ್ಟು ಏನೂ ಬರೆದಿರಲಿಲ್ಲ, ಅದೇ ಕಾರಣ. 4417. ಯಾರು 4417? ಯಾವ ಊರು? ಯಾವ ಜಾತ್ರೆ? ಗೊತ್ತಿಲ್ಲ. ಗೊತ್ತಿಲ್ಲದ್ದು ಕಸ ಆಗುತ್ತೆ, ಪುಟ್ಟಿ. ಪ್ಯಾಸುಕೆಯ ಚಿತ್ರಗಳು ಕಸ ಆಗದೆ ಉಳಿದಿದ್ದು ಹೇಗೆ ಅಂದರೆ, ಅವು ಯಾವ ಸೀಮೆಯವು, ಯಾವ ಹಳ್ಳಿಯವು, ಯಾವ ವರ್ಷದವು ಅಂತ ಬರೆದಿಡುವ ಒಂದು ಜಾಗಕ್ಕೆ ಹೋಗಿ ಸೇರಿದವು. ನೂರು ವರ್ಷ ಆದ ಮೇಲೂ ಅವನ್ನು ತೆಗೆದು ನೋಡಬಹುದು. 2016ರಲ್ಲಿ ಆ ಮ್ಯೂಸಿಯಂ ಸೋವಿಯತ್ ಸೈನ್ಯದ ಹಳೇ ವಿಮಾನ ನಿಲ್ದಾಣದ ಜಾಗದಲ್ಲಿ ಹೊಸ ಕಟ್ಟಡಕ್ಕೆ ಹೋಯಿತಂತೆ. ಅದೂ ವಿಮಾನ! ನನ್ನ 4417 ಯಾರದೋ ಕಾಲ್ಗೆಜ್ಜೆಯಾಗಿರಬಹುದು.

ಹಾಗಾಗಿ ನಿನಗೆ ಕ್ಯಾಮೆರಾಕ್ಕಿಂತ ಮೊದಲು ಬೇಕಾದ್ದು ನಲವತ್ತು ರೂಪಾಯಿಯ ಒಂದು ನೋಟ್‌ಬುಕ್ಕು. ಯಾರನ್ನು ತೆಗೆದೆ, ಅವರ ಮನೆತನ ಏನು, ಎಲ್ಲಿ, ಯಾವ ದಿನ, ಅವರು ಏನು ಮಾಡುತ್ತಿದ್ದರು. ಅವತ್ತಿನದು ಅವತ್ತೇ ಬರೆ. ನಾಳೆ ಬರೆದರಾಯಿತು ಅಂದರೆ ಮುಗಿಯಿತು. ಫೋನಿನಲ್ಲಿ ಇರುತ್ತೆ ಬಿಡಿ ಮಾವ ಅನ್ನಬೇಡ. ನಿನ್ನ ಹಳೇ ಫೋನು ಬಾವಿಗೆ ಬಿದ್ದಿದ್ದು ನೆನಪಿದೆ ನನಗೆ.

ಇನ್ನೊಂದು. ಕ್ಯಾಮೆರಾ ಹಿಡಿದ ಪ್ಯಾಸುಕೆ ಎಲ್ಲರಿಗೂ ಕಾಣುತ್ತಾನೆ. ದುಡ್ಡು ಹೊಂದಿಸಿದ ಪ್ಯಾಸುಕೆ ಯಾರಿಗೂ ಕಾಣುವುದಿಲ್ಲ. ತಾರ್ತುವಿನಲ್ಲಿ ಎಸ್ಟೋನಿಯಾ ಫಿಲ್ಮ್ ಅಂತ ತನ್ನದೇ ಸ್ಟುಡಿಯೊ ಮಾಡಿದ್ದ. ಸೆಟೊ ಹಳ್ಳಿಯ ಚಿತ್ರ ನೋಡಲು ಎಷ್ಟು ಜನ ಟಿಕೆಟ್ ತಗೋತಾರೆ ಹೇಳು? 1914ರಲ್ಲಿ ‘ಪ್ಯಾರ್ನುಮಾದಲ್ಲಿ ಕರಡಿ ಬೇಟೆ’ ಅಂತ ಒಂದು ಸಣ್ಣ ತಮಾಷೆ ಸಿನಿಮಾ ಮಾಡಿದ. ಪ್ಯಾರ್ನು ಪಟ್ಟಣದಲ್ಲಿ ಜರ್ಮನ್ ದೊಡ್ಡ ಮನುಷ್ಯರಿಗೂ ಎಸ್ಟೋನಿಯನ್ನರಿಗೂ ಅಧಿಕಾರಕ್ಕಾಗಿ ಜಗಳ ನಡೆದಿತ್ತು. ಅದನ್ನೇ ಕರಡಿ ಬೇಟೆಯ ವೇಷ ಹಾಕಿಸಿ ಗೇಲಿ ಮಾಡಿದ. ಗಂಭೀರ ಕೆಲಸ ಮಾಡುವವನು ಅಂತ ಗತ್ತು ಇಟ್ಟುಕೊಂಡು ಕೂರಲಿಲ್ಲ. ನೀನೂ ಮದುವೆ ಶೂಟಿಂಗ್ ಅಂದರೆ ಮೂಗು ಮುರಿಯಬೇಡ. ನನ್ನ ಮೂವತ್ತು ವರ್ಷದ ಅನ್ನ ಅದು. ಮತ್ತೆ, ಅಳುವ ಹೆಣ್ಣಿನ ತಾಯಿಯ ಮುಖದ ಮೇಲೆ ಕ್ಯಾಮೆರಾ ಎಷ್ಟು ಹೊತ್ತು ನಿಲ್ಲಿಸಬೇಕು, ಯಾವಾಗ ಮರ್ಯಾದೆಯಿಂದ ಬೇರೆ ಕಡೆ ತಿರುಗಿಸಬೇಕು ಅನ್ನೋದನ್ನು ಯಾವ ಶಾಲೆಯೂ ಕಲಿಸುವುದಿಲ್ಲ, ಧಾರೆ ಮಂಟಪ ಕಲಿಸುತ್ತೆ.

ಮುಂದಿನದು ಬೇಗ ಹೇಳಿಬಿಡುತ್ತೇನೆ, ಬರೆಯಲು ಮನಸ್ಸು ಬರುವುದಿಲ್ಲ. ಮೊದಲನೇ ಮಹಾಯುದ್ಧ ಬಂತು. ಅವನನ್ನು ರಷ್ಯಾದ ಸೈನ್ಯಕ್ಕೆ ಸೇರಿಸಿಕೊಂಡರು. 1918ರ ಜನವರಿಯಲ್ಲಿ, ಈಗ ಬೆಲಾರುಸ್ ದೇಶದಲ್ಲಿರುವ ಓರ್ಶಾ ಊರಿನ ಹತ್ತಿರ ರೈಲು ಅಪಘಾತದಲ್ಲಿ ಹೋಗಿಬಿಟ್ಟ. 25 ವರ್ಷ. ಎಸ್ಟೋನಿಯಾ ಸ್ವತಂತ್ರ ಅಂತ ಸಾರಿದ್ದು ಮುಂದಿನ ತಿಂಗಳು, ಫೆಬ್ರವರಿ 24ಕ್ಕೆ.

ಇದನ್ನು ಓದಿ ನಿನ್ನ ಅಮ್ಮನಿಗೆ ಹೇಳಬೇಡ ಮತ್ತೆ. ಅವಳು ಇನ್ನೊಂದು ಗಂಟೆ ಅಳುತ್ತಾಳೆ. ಅವಳ ಸಮಾಧಾನಕ್ಕೆ ಬೇಕಿದ್ದರೆ ಅದೇ ದೇಶದ ಮಾರ್ಕ್ ಸೂಸಾರ್ ಕಥೆ ಹೇಳು. 1946ರಲ್ಲಿ ಹುಟ್ಟಿದವರು, ಮಾಸ್ಕೋದಲ್ಲಿ ಛಾಯಾಗ್ರಹಣ ಕಲಿತವರು. 1970ರ ದಶಕದ ಮೊದಲಲ್ಲೇ ಕಿಹ್ನು ಅನ್ನುವ ದ್ವೀಪದ ಹೆಂಗಸರ ಬಗ್ಗೆ ಡಾಕ್ಯುಮೆಂಟರಿ ತೆಗೆದರು. ಅಲ್ಲಿ ಗಂಡಸರು ಸಮುದ್ರಕ್ಕೆ ಹೋಗುತ್ತಾರೆ, ಹೊಲ ಮನೆ ದನ ಎಲ್ಲ ಹೆಂಗಸರದ್ದು. ಅವರ ಪಟ್ಟೆ ಪಟ್ಟೆ ಲಂಗದ ಬಣ್ಣ ನೋಡಿದರೆ ಆ ಹೆಂಗಸು ಸುಖದಲ್ಲಿದ್ದಾಳೋ ಸೂತಕದಲ್ಲಿದ್ದಾಳೋ ತಿಳಿಯುತ್ತೆ. ಸಂತೋಷಕ್ಕೆ ಕೆಂಪು, ಸಾವಾದರೆ ಕಪ್ಪು, ದುಃಖ ಕಳೆದ ಹಾಗೆ ಮತ್ತೆ ಕೆಂಪು ಪಟ್ಟೆ ಬರುತ್ತೆ. 1997ರ ಅವರ ಇನ್ನೊಂದು ಚಿತ್ರದಲ್ಲಿ ಸೈಬೀರಿಯಾದ ಒಬ್ಬ ಪೂಜಾರಿ ಅಪ್ಪ, ಎಣ್ಣೆ ಕಂಪನಿಗೆ ದುಡಿಯುವ ಮಗ. ಇಂಥ ಕಥೆ ನಮ್ಮ ಕಡೆ ಎಷ್ಟು ಮನೆಯಲ್ಲಿಲ್ಲ? ಸೋವಿಯತ್ ಕಾಲದಲ್ಲಿ ಸರ್ಕಾರಿ ಸ್ಟುಡಿಯೊ ಸಂಬಳ ಕೊಡುತ್ತಿತ್ತು, ಏನು ತೆಗೆಯಬೇಕು ಅಂತಲೂ ಹೇಳುತ್ತಿತ್ತು. ಅದು ಹೋದ ಮೇಲೆ ಕ್ಯಾಮೆರಾದವರೇ ನಿರ್ಮಾಪಕರೂ ಆಗಬೇಕಾಯಿತು, ಇವರೂ ಆದರು. 1987ರಿಂದ ಪ್ಯಾರ್ನುವಿನಲ್ಲಿ ಡಾಕ್ಯುಮೆಂಟರಿ ಉತ್ಸವ ನಡೆಸಿದರು. ಪಾರ್ಲಿಮೆಂಟಿಗೂ ಹೋಗಿ ಬಂದರು. ನಿನ್ನ ಅಮ್ಮನಿಗೆ ಆ ಪಾರ್ಲಿಮೆಂಟಿನ ಮಾತು ಒತ್ತಿ ಹೇಳು.

ಒಂದು ತಮಾಷೆ. ಆ ದೇಶದಲ್ಲಿ ಕಲೆಗೆ, ಸಿನಿಮಾಕ್ಕೆ ದುಡ್ಡು ಕೊಡುವ ಒಂದು ನಿಧಿ ಇದೆ. ಅದಕ್ಕೆ ದುಡ್ಡು ಬರುವುದು ಹೆಂಡ, ತಂಬಾಕು, ಜೂಜಿನ ತೆರಿಗೆಯಿಂದ. ನಮ್ಮಲ್ಲಿ ಹಾಗೆ ಮಾಡಿದ್ದರೆ ನಮ್ಮ ಬೀದಿಯೊಂದರಿಂದಲೇ ವರ್ಷಕ್ಕೆ ಮೂರು ಡಾಕ್ಯುಮೆಂಟರಿ ಬರುತ್ತಿತ್ತು.

ಈಗ ಸಾಲದ ವಿಷಯ. ಸಹಿ ಹಾಕುವುದಿಲ್ಲ. ಬೇಜಾರು ಮಾಡಿಕೋಬೇಡ. ಐದು ಲಕ್ಷದ ಕ್ಯಾಮೆರಾ ಮೂರು ವರ್ಷಕ್ಕೆ ಹಳೆಯದಾಗುತ್ತೆ, ಇಎಂಐ ಮಾತ್ರ ಹೊಸದಾಗಿಯೇ ಇರುತ್ತೆ. ಬೆಂಗಳೂರಿನಲ್ಲಿ ದಿನದ ಬಾಡಿಗೆಗೆ ಎಂಥ ಕ್ಯಾಮೆರಾ ಬೇಕಾದರೂ ಸಿಗುತ್ತೆ. ಶೂಟಿಂಗ್ ಇರುವ ದಿನ ತಗೋ, ವಾಪಸ್ ಕೊಡು. ಕೆಲಸವನ್ನು ಒಂದೇ ಸಲ ಬಿಡಬೇಡ. ಆರು ತಿಂಗಳು ಶನಿವಾರ-ಭಾನುವಾರ ಒಂದೇ ಊರಿಗೆ, ಒಂದೇ ಮನೆಗೆ ಹೋಗು. ಮೊದಲ ನಾಲ್ಕು ಸಲ ಕ್ಯಾಮೆರಾ ತೆಗೆಯಲೇಬೇಡ, ಸುಮ್ನೆ ಕಾಫಿ ಕುಡಿದು ಬಾ. ಬಸ್ ಚಾರ್ಜು, ಬಾಡಿಗೆ, ಊಟ, ಪ್ರತಿ ಪೈಸೆ ಬರೆದಿಡು. ಆರು ತಿಂಗಳಾದ ಮೇಲೆ ಆ ಲೆಕ್ಕ, ಆ ನೋಟ್‌ಬುಕ್ಕು ಎರಡನ್ನೂ ನನಗೆ ತೋರಿಸು. ಆಗಲೂ ಇದೇ ಹಟ ಇದ್ದರೆ ಬ್ಯಾಂಕಿಗೆ ಹೋಗುವುದು ಬೇಡ. ನನ್ನ ಹತ್ತಿರ ಒಂದಿಷ್ಟಿದೆ.

ಹೇಳಲು ಮರೆತಿದ್ದೆ. ಬೆಳ್ಳಿಯವನಿಗೆ ಎಲ್ಲ ಹೋಗಲಿಲ್ಲ. ಅಟ್ಟದ ಮೇಲಿನ ಒಂದು ಬಿಸ್ಕತ್ತಿನ ಡಬ್ಬ ಅವತ್ತು ಕಣ್ಣಿಗೆ ಬಿದ್ದಿರಲಿಲ್ಲ. ಹೋದ ವಾರ ಇಳಿಸಿ ನೋಡಿದೆ, ಇನ್ನೂರರ ಹತ್ತಿರ ಇರಬೇಕು. ಕೆಲವಕ್ಕೆ ಬೂಷ್ಟು ಬಂದಿದೆ. ಒಂದನ್ನು ಕಿಟಕಿಗೆ ಹಿಡಿದು ಅಜ್ಜಿಗೆ ತೋರಿಸಿದೆ. ನೆಗೆಟಿವ್‌ನಲ್ಲಿ ಮುಖ ಕಪ್ಪು, ಕೂದಲು ಬಿಳಿ, ಯಾರೂ ಗುರುತು ಹಿಡಿಯಲಾರರು ಅಂದುಕೊಂಡಿದ್ದೆ. ‘ಇವಳು ಹೊಳೆಯಾಚೆ ಮನೆಯ ಎರಡನೇ ಸೊಸೆಯಲ್ವೇನೋ, ಮೂಗುಬೊಟ್ಟು ನೋಡು’ ಅಂದಳು. ಅಜ್ಜಿಗೆ 88. ಮಳೆ ನಿಂತ ಕೂಡಲೇ ನಾಲ್ಕು ದಿನ ರಜೆ ಹಾಕಿ ಬಾ. ಬರುವಾಗ ಬಿಳಿ ಹತ್ತಿಯ ಕೈಗವಸು ಎರಡು ಜೊತೆ ತಾ, ಇಲ್ಲಿ ಸಿಗುವುದಿಲ್ಲ. ನೋಟ್‌ಬುಕ್ಕನ್ನು ನಾನು ತಂದಿಟ್ಟಿದ್ದೇನೆ.

ನಿನ್ನ
ಮಾವ