ಬೋರ್ಡಿನ ಮೇಲಿನ ನಂಬರೇ ವೈಫೈ ಪಾಸ್‌ವರ್ಡ್: ಇಂಟರ್ನೆಟ್ ಕಂಪನಿಗೆ ಒಂದು ದೂರು

ಕಲಬುರಗಿ
9 ಜೂನ್ 2025

ಗೆ,
ವ್ಯವಸ್ಥಾಪಕರು,
ಗ್ರಾಹಕ ಸೇವಾ ವಿಭಾಗ, ಫೈಬರ್ ಇಂಟರ್ನೆಟ್,
ಕಲಬುರಗಿ.

ವಿಷಯ: ಮನೆಯ ರೂಟರಿನ ಪಾಸ್‌ವರ್ಡ್‌ಗಳನ್ನು ನಮಗೆ ಕೊಡದಿರುವುದು, ತಪ್ಪು ಸಲಹೆಯಿಂದ 4 ದಿನ ಇಂಟರ್ನೆಟ್ ಇಲ್ಲದಂತಾಗಿದ್ದು, ಮತ್ತು ಅದಕ್ಕೆ ನಮ್ಮಿಂದಲೇ 300 ರೂಪಾಯಿ ತೆಗೆದುಕೊಂಡಿದ್ದು.

ಮಾನ್ಯರೇ,

ನಾನು ಬ್ರಹ್ಮಪುರದಲ್ಲಿ ಇರುತ್ತೇನೆ. ಮನೆಯಲ್ಲೇ ಗಣಿತ ಟ್ಯೂಷನ್ ನಡೆಸುತ್ತೇನೆ. ಎರಡು ವರ್ಷದಿಂದ ನಿಮ್ಮ ಕನೆಕ್ಷನ್ ಇದೆ. 599ರ ಪ್ಲಾನ್, ಜಿಎಸ್‌ಟಿ ಸೇರಿ ತಿಂಗಳಿಗೆ 706 ರೂಪಾಯಿ ಚಿಲ್ಲರೆ. ಒಂದು ತಿಂಗಳೂ ಬಿಲ್ ತಡ ಮಾಡಿಲ್ಲ. ಲೈನಿನ ವೇಗದ ಬಗ್ಗೆ ನನ್ನದೇನೂ ತಕರಾರಿಲ್ಲ. ನನ್ನ ತಕರಾರು ಇಷ್ಟೇ: ರೂಟರ್ ನಮ್ಮ ಮನೆಯಲ್ಲಿದೆ, ಅದರ ಕೀಲಿಕೈ ಮಾತ್ರ ನಮ್ಮ ಹತ್ತಿರ ಇಲ್ಲ.

ಮೊದಲಿನಿಂದ ಹೇಳುತ್ತೇನೆ. ನಮ್ಮ ಗೇಟಿಗೆ ಒಂದು ತಗಡಿನ ಬೋರ್ಡ್ ಇದೆ. ನೀಲಿ ಬಣ್ಣದ ಮೇಲೆ ಹಳದಿ ಅಕ್ಷರ. ‘ಗಣಿತ ಟ್ಯೂಷನ್, 8ರಿಂದ 10ನೇ ತರಗತಿ’ ಅಂತ ಬರೆದು, ಕೆಳಗೆ ನನ್ನ ಮೊಬೈಲ್ ನಂಬರ್. ರಸ್ತೆಯ ತುದಿಯಿಂದಲೂ ಕಾಣಲಿ ಅಂತ ಪೇಂಟರ್‌ಗೆ ಹೇಳಿ ನಂಬರನ್ನು ದೊಡ್ಡದಾಗಿ ಬರೆಸಿದ್ದೆ. ಕನೆಕ್ಷನ್ ಕೊಡಲು ಬಂದ ನಿಮ್ಮ ಹುಡುಗ ಅದೇ ನಂಬರನ್ನು ವೈಫೈ ಪಾಸ್‌ವರ್ಡ್ ಮಾಡಿ ಹೋದ. ವೈಫೈ ಹೆಸರಿನ ಜಾಗದಲ್ಲಿ ನಮ್ಮ ಮನೆಯವರ ಹೆಸರು ಹಾಕಿದ. “ನೆನಪಿಡಾಕ ಸರಳ ಆಗ್ತದ್ರಿ ಅಕ್ಕಾರ” ಅಂದ. ಆವತ್ತು ನನಗೂ ಅದರಲ್ಲಿ ತಪ್ಪೇನೂ ಕಾಣಲಿಲ್ಲ.

ಈ ಏಪ್ರಿಲ್‌ನಲ್ಲಿ ಸಂಜೆ ಹೊತ್ತು ಆನ್‌ಲೈನ್ ಕ್ಲಾಸ್ ನಿಂತು ನಿಂತು ನಡೆಯತೊಡಗಿತು. ನಿಮ್ಮ ಆ್ಯಪ್ ತೆಗೆದು ನೋಡಿದೆ. 14 ಸಾಧನಗಳು ಸೇರಿಕೊಂಡಿವೆ ಅಂತ ತೋರಿಸಿತು. ನಮ್ಮ ಮನೆಯಲ್ಲಿರುವುದು ಎರಡು ಫೋನ್, ಒಂದು ಲ್ಯಾಪ್‌ಟಾಪ್, ಒಂದು ಟಿವಿ. ಉಳಿದ ಹತ್ತು ಯಾರವು? ಎದುರು ಮನೆಯ ಕಟ್ಟೆಯ ಮೇಲೆ ರಾತ್ರಿ 11ರವರೆಗೂ ಹುಡುಗರು ಫೋನ್ ಹಿಡಿದು ಕೂರುತ್ತಾರೆ. ಬಿಸಿಲಿಗೆ ಕಾದ ಮನೆಯೊಳಗೆ ಕೂರಲಾಗದೆ ಬರುತ್ತಾರೆ ಅಂತ ಅಂದುಕೊಂಡಿದ್ದೆ. ಅವರಲ್ಲಿ ಒಬ್ಬ ಹಿಂದೆ ನನ್ನ ಹತ್ತಿರವೇ ಓದಿದವನು. ಕರೆದು ಕೇಳಿದೆ. ಅವನು ಸುಳ್ಳು ಹೇಳಲಿಲ್ಲ.

“ಬೋರ್ಡಿನ ಮ್ಯಾಲೇ ಅದ ಅಲ್ರಿ ಟೀಚರ್. ನಿಮ್ಮದಷ್ಟೇ ಅಲ್ಲ, ಈ ಓಣ್ಯಾಗ ಎಲ್ಲಾರ ಮನಿ ಪಾಸ್‌ವರ್ಡೂ ಅವರವರ ಮೊಬೈಲ್ ನಂಬರೇ ಅದ.”

ಆ ಹುಡುಗರ ಮೇಲೆ ನನಗೆ ಸಿಟ್ಟಿಲ್ಲ. ಬಾಗಿಲು ತೆರೆದಿತ್ತು, ಬಂದರು. ಆದರೆ ಇಡೀ ಓಣಿಯ ಬಾಗಿಲುಗಳನ್ನು ಹೀಗೆ ತೆರೆದಿಟ್ಟವರು ನೀವು.

ಬೋರ್ಡೇ ಇಲ್ಲದಿದ್ದರೂ ಈ ಪಾಸ್‌ವರ್ಡ್ ನಿಲ್ಲುವುದಿಲ್ಲ. ಗಣಿತ ಕಲಿಸುವವಳು, ಲೆಕ್ಕ ಹಾಕಿ ನೋಡಿದೆ. 10 ಅಂಕಿಯಲ್ಲಿ ಒಟ್ಟು 1,000 ಕೋಟಿ ಸಂಖ್ಯೆಗಳಾಗುತ್ತವೆ. ನಮ್ಮ ದೇಶದ ಮೊಬೈಲ್ ನಂಬರ್ 6, 7, 8 ಅಥವಾ 9ರಿಂದಲೇ ಶುರುವಾಗುವುದರಿಂದ ಉಳಿಯುವುದು 400 ಕೋಟಿ. ಫೋನ್ ರೂಟರಿಗೆ ಸೇರುವಾಗ ಎರಡರ ನಡುವೆ ನಡೆಯುವ ಸಂಕೇತಗಳನ್ನು ಹೊರಗಿನವರು ಹಿಡಿದಿಟ್ಟುಕೊಂಡು, ಆಮೇಲೆ ತಮ್ಮ ಮನೆಯಲ್ಲಿ ಕೂತು ಒಂದೊಂದೇ ಪಾಸ್‌ವರ್ಡ್ ಹಚ್ಚಿ ನೋಡಬಹುದು. ಒಳ್ಳೆಯ ಗ್ರಾಫಿಕ್ಸ್ ಕಾರ್ಡ್ ಇರುವ ಕಂಪ್ಯೂಟರ್ ಡಬ್ಲ್ಯುಪಿಎ2 ಅನ್ನುವ ವೈಫೈ ಬೀಗದ ಪಾಸ್‌ವರ್ಡ್‌ಗಳನ್ನು ಸೆಕೆಂಡಿಗೆ 10 ಲಕ್ಷಕ್ಕೂ ಜಾಸ್ತಿ ಪರೀಕ್ಷಿಸುತ್ತದೆ. 10 ಲಕ್ಷ ಅಂತಲೇ ಹಿಡಿಯಿರಿ. 400 ಕೋಟಿಗೆ 4,000 ಸೆಕೆಂಡ್. ಅಂದರೆ 1 ಗಂಟೆ 7 ನಿಮಿಷದೊಳಗೆ ನಮ್ಮ ಓಣಿಯ ಯಾವ ಮನೆಯ ವೈಫೈ ಆದರೂ ತೆರೆಯುತ್ತದೆ. ಅದೇ ಇಂಗ್ಲಿಷ್‌ನ 26 ಸಣ್ಣ ಅಕ್ಷರಗಳಲ್ಲಿ 12 ಅಕ್ಷರಗಳನ್ನು ಸುಮ್ನೆ ಮನಸ್ಸಿಗೆ ಬಂದಂತಲ್ಲ, ಚೀಟಿ ಎತ್ತಿದ ಹಾಗೆ ಆರಿಸಿ ಪಾಸ್‌ವರ್ಡ್ ಮಾಡಿ. ಅದೇ ಕಂಪ್ಯೂಟರಿಗೆ ಎಲ್ಲವನ್ನೂ ಹಚ್ಚಿ ನೋಡಲು 3,000 ವರ್ಷ ಬೇಕು. ಈ ಲೆಕ್ಕವನ್ನು ನನ್ನ 10ನೇ ತರಗತಿಯ ಮಕ್ಕಳಿಂದಲೂ ಮಾಡಿಸಿದೆ. ಮೂರೇ ಮಕ್ಕಳು ತಪ್ಪಿದರು.

ಸರಿ, ಪಾಸ್‌ವರ್ಡ್ ಬದಲಿಸೋಣ ಅಂತ ಕೂತೆ. ಬ್ರೌಸರಿನಲ್ಲಿ ರೂಟರಿನ ಸೆಟ್ಟಿಂಗ್ ಪುಟದ (ಅಡ್ಮಿನ್ ಪುಟದ) ವಿಳಾಸ 192.168.1.1 ಹಾಕಿದೆ. ಲಾಗಿನ್ ಪುಟ ಬಂತು. ರೂಟರ್ ಬೋರಲು ಹಾಕಿ, ಅದರ ಅಡಿಯ ಚೀಟಿಯಲ್ಲಿದ್ದ ಅಡ್ಮಿನ್ ಹೆಸರು, ಪಾಸ್‌ವರ್ಡ್ ನೋಡಿ ಹಾಕಿದೆ. ತಪ್ಪು ಅಂತ ಬಂತು. ಅದನ್ನು ನೀವು ಬದಲಿಸಿದ್ದೀರಿ. ಬದಲಿಸಿದ್ದು ಒಳ್ಳೆಯದೇ, ಆದರೆ ನಮಗೆ ಹೇಳಬೇಕು ಅಲ್ವಾ? ಆ್ಯಪ್‌ನಿಂದ ಪ್ರಯತ್ನಿಸಿದೆ, ಪ್ರತಿ ಸಲ ‘ವಿನಂತಿ ವಿಫಲ’ ಅಂತಲೇ ಬಂತು. ಕಸ್ಟಮರ್ ಕೇರ್‌ಗೆ ಮೂರು ಸಲ ಫೋನ್ ಮಾಡಿದೆ. ರೂಟರ್ ಕಂಪನಿಯ ಆಸ್ತಿ, ಅಡ್ಮಿನ್ ಪಾಸ್‌ವರ್ಡ್ ಗ್ರಾಹಕರಿಗೆ ಕೊಡುವುದಿಲ್ಲ ಅಂದರು. ಮನೆ ಬಾಡಿಗೆಗೆ ಕೊಟ್ಟವರೂ ಕೀಲಿಕೈಯನ್ನು ಬಾಡಿಗೆಯವರ ಕೈಗೇ ಕೊಡುತ್ತಾರೆ.

ನಾಲ್ಕನೇ ಸಲ, ಮೇ 19ರ ಸಂಜೆ, ಫೋನ್ ಎತ್ತಿದ ನಿಮ್ಮ ಹುಡುಗಿ ಬಹಳ ವಿನಯದಿಂದಲೇ ಮಾತಾಡಿದಳು. “ಮೇಡಂ, ಹಿಂದೆ ಒಂದು ಸಣ್ಣ ತೂತು ಇರುತ್ತೆ. ಅದರಲ್ಲಿ ಪಿನ್ ಹಾಕಿ 10 ಸೆಕೆಂಡ್ ಒತ್ತಿ ಹಿಡೀರಿ. ರೀಸೆಟ್ ಆಗುತ್ತೆ. ಆಮೇಲೆ ನಿಮಗೆ ಬೇಕಾದ ಪಾಸ್‌ವರ್ಡ್ ಹಾಕ್ಕೊಳ್ಳಿ” ಅಂದಳು. ಸೀರೆಯ ಪಿನ್ ತೆಗೆದು ಒತ್ತಿದೆ. ದೀಪಗಳೆಲ್ಲ ಒಮ್ಮೆ ಆರಿ ಮತ್ತೆ ಹತ್ತಿದವು. ಫೈಬರ್ ಲೈನ್ ಬಂದಿದೆ ಅಂತ ತೋರಿಸುವ ಪಾನ್ ದೀಪ ಹಸಿರು. ಇಂಟರ್ನೆಟ್ ದೀಪ ಕೆಂಪು. ಅದು ಹಸಿರಾಗಲೇ ಇಲ್ಲ.

ಏನಾಯಿತು ಅಂತ ಆಮೇಲೆ ಗೊತ್ತಾಯಿತು. ನಿಮ್ಮ ಲೈನ್ ಚಾಲೂ ಆಗಲು ರೂಟರಿನೊಳಗೆ ಪಿಪಿಪಿಒಇ ಅನ್ನುವ ಯೂಸರ್‌ನೇಮ್, ಪಾಸ್‌ವರ್ಡ್ ಇರಬೇಕು. ಜೊತೆಗೆ ವಿಲ್ಯಾನ್ ಅಂತ ಒಂದು ಸಂಖ್ಯೆ. ರೀಸೆಟ್ ಮಾಡಿದರೆ ವೈಫೈ ಪಾಸ್‌ವರ್ಡ್ ಅಷ್ಟೇ ಅಲ್ಲ, ಇವೂ ಅಳಿಸಿ ಹೋಗುತ್ತವೆ. ನಮಗೆ ಅವನ್ನು ಯಾವತ್ತೂ ಬರೆದು ಕೊಟ್ಟಿಲ್ಲ. ರೀಸೆಟ್ ಮಾಡಿ ಅಂತ ಹೇಳಿದವರೂ ಅದರ ಬಗ್ಗೆ ಒಂದು ಮಾತು ಹೇಳಲಿಲ್ಲ. ಕೇಬಲ್ ಸರಿ ಇತ್ತು, ರೂಟರ್ ಸರಿ ಇತ್ತು, ಬಿಲ್ ಕಟ್ಟಿತ್ತು. ಒಂದು ಸಾಲಿನ ಪಾಸ್‌ವರ್ಡ್ ಗೊತ್ತಿಲ್ಲದೆ 4 ದಿನ ಮನೆಯಲ್ಲಿ ಇಂಟರ್ನೆಟ್ ಇಲ್ಲ.

ಆ 4 ದಿನ ಯಾವ ದಿನಗಳು ಅಂತ ನಿಮಗೆ ಗೊತ್ತಿರಲಿ. ಈ ವರ್ಷದ ಎಸ್‌ಎಸ್‌ಎಲ್‌ಸಿ ಪರೀಕ್ಷೆ-1ರಲ್ಲಿ ನಮ್ಮ ಕಲಬುರಗಿ ಜಿಲ್ಲೆ ರಾಜ್ಯದಲ್ಲೇ ಕೊನೆಗೆ ಬಂತು. ಶೇ 42.43. ನಪಾಸಾದವರಲ್ಲಿ ಏಳು ಮಕ್ಕಳು ನನ್ನ ಹತ್ತಿರ ಆನ್‌ಲೈನ್‌ನಲ್ಲಿ ಕೂತಿದ್ದರು. ಇಬ್ಬರು ಸೇಡಂ ಕಡೆಯವರು, ಮೂವರು ಆಳಂದ ಕಡೆಯವರು, ಇಬ್ಬರು ಚಿತ್ತಾಪುರದ ಹಳ್ಳಿಯವರು. ಮೇ 26ಕ್ಕೆ ಪರೀಕ್ಷೆ-2 ಶುರು. ಅದಕ್ಕೆ ವಾರ ಇರುವಾಗ ನನ್ನ ಮನೆಯ ಲೈನ್ ಸತ್ತಿತು. ಮೊಬೈಲ್ ಡೇಟಾದಲ್ಲಿ ಪಾಠ ಮಾಡಿದೆ, ಅರ್ಧಕ್ಕೆ ಖಾಲಿಯಾಗುತ್ತಿತ್ತು. ಒಬ್ಬ ಹುಡುಗಿ ಫೋನ್ ಮಾಡಿ “ಟೀಚರ್, ತ್ರಿಕೋನಮಿತಿ ನಾಳಿಗರ ಹೇಳ್ತೀರಿ?” ಅಂತ ಕೇಳಿದಳು. ಏನು ಹೇಳಲಿ ಅವಳಿಗೆ? ಅವಳ ತಂದೆ ತೊಗರಿ ಬೆಳೆಯುವ ರೈತ. ಅವಳಿಗಾಗಿಯೇ ಸ್ಮಾರ್ಟ್‌ಫೋನ್ ತಂದಿದ್ದಾರೆ.

ಮೇ 23ಕ್ಕೆ ಟೆಕ್ನಿಷಿಯನ್ ಬಂದ. ಲ್ಯಾಪ್‌ಟಾಪ್‌ಗೆ ಕೈ ಅಡ್ಡ ಹಿಡಿದು ಏನೋ ಟೈಪ್ ಮಾಡಿದ. ಐದೇ ನಿಮಿಷ, ಲೈನ್ ಬಂತು. “ಗ್ರಾಹಕರೇ ರೀಸೆಟ್ ಮಾಡಿದ್ರ ಚಾರ್ಜ್ ಅದರಿ” ಅಂತ 300 ರೂಪಾಯಿ ತೆಗೆದುಕೊಂಡ. ರಸೀದಿ ಕೊಡಲಿಲ್ಲ. ವೈಫೈ ಪಾಸ್‌ವರ್ಡ್ ಏನು ಹಾಕಿದೆ ಅಂತ ಕೇಳಿದೆ. ಮತ್ತೆ ಅದೇ ಮೊಬೈಲ್ ನಂಬರ್! ಅವನ ಕೈ ಹಿಡಿದು ಗೇಟಿನ ಹತ್ತಿರ ಕರೆದುಕೊಂಡು ಹೋಗಿ ಬೋರ್ಡ್ ತೋರಿಸಿದೆ. ಒಂದು ಕ್ಷಣ ಸುಮ್ಮನೆ ನಿಂತ. ಆಮೇಲೆ “ನಮಗ ಹಂಗೇ ಹಾಕು ಅಂತ ಹೇಳ್ಯಾರ್ರಿ ಅಕ್ಕಾ. ಇಲ್ಲಂದ್ರ ಜನ ಮರೀತಾರ, ಮತ್ತ ನಮಗೇ ಫೋನ್ ಬರ್ತಾವ” ಅಂದ. ಅವನ ಮಾತು ನಿಜ ಇರಬಹುದು. ಅದಕ್ಕೇ ಈ ಪತ್ರ ಅವನ ಮೇಲಲ್ಲ, ಹಾಗೆ ಹೇಳಿಕೊಟ್ಟವರ ಮೇಲೆ. ಅಲ್ಲೇ ಕೂರಿಸಿಕೊಂಡು 16 ಅಕ್ಷರದ ಹೊಸ ಪಾಸ್‌ವರ್ಡ್ ಹಾಕಿಸಿದೆ.

ಜನ ಮರೆಯುತ್ತಾರೆ, ಒಪ್ಪುತ್ತೇನೆ. ಮರೆತರೆ ರೀಸೆಟ್ಟೇ ದಾರಿಯಾ? ಪಕ್ಕದ ಮನೆಯ ಅಮ್ಮನವರಿಗೂ ನಿಮ್ಮ ಕೇರ್‌ನವರು ಇದನ್ನೇ ಹೇಳಿದ್ದರು. ಪುಣ್ಯಕ್ಕೆ ಅವರು ಪಿನ್ ಹಾಕುವ ಮೊದಲು ನನ್ನನ್ನು ಕರೆದರು. ಅವರ ಮಗನ ಹಳೇ ಆಂಡ್ರಾಯ್ಡ್ ಫೋನ್ ವೈಫೈಗೆ ಸೇರಿಕೊಂಡೇ ಇತ್ತು. ಸೆಟ್ಟಿಂಗ್ಸ್‌ನಲ್ಲಿ ವೈಫೈ ಹೆಸರಿನ ಮೇಲೆ ಒತ್ತಿ, ಶೇರ್ ಅಂದಾಗ ಕ್ಯೂಆರ್ ಕೋಡ್ ಬಂತು, ಕೆಳಗೇ ಪಾಸ್‌ವರ್ಡ್ ಇತ್ತು. ಅಲ್ಲಿಗೆ ಮುಗೀತು. ವಿಂಡೋಸ್ ಲ್ಯಾಪ್‌ಟಾಪ್‌ನಲ್ಲೂ ಸೇರಿಕೊಂಡಿರುವ ವೈಫೈನ ಪಾಸ್‌ವರ್ಡ್ ನೋಡಬಹುದು. ನಿಮ್ಮವರು ಮೊದಲು ಕೇಳಬೇಕಾದ್ದು ಒಂದೇ ಪ್ರಶ್ನೆ: ಮನೆಯಲ್ಲಿ ಯಾವುದಾದರೂ ಫೋನ್ ಈಗ ವೈಫೈಗೆ ಸೇರಿದೆಯಾ?

ಇಷ್ಟಕ್ಕೆ ಇಷ್ಟು ದೊಡ್ಡ ಪತ್ರ ಯಾಕೆ ಅಂತ ನಿಮಗೆ ಅನ್ನಿಸಬಹುದು. ಹುಡುಗರು ಸಿನಿಮಾ ನೋಡಿದ್ದಷ್ಟೇ ಆಗಿದ್ದರೆ ನಾನೂ ಬಿಟ್ಟುಬಿಡುತ್ತಿದ್ದೆ. 2008ರ ಜುಲೈ 26ರಂದು ಅಹಮದಾಬಾದ್‌ನಲ್ಲಿ ಬಾಂಬ್ ಸ್ಫೋಟಗಳಾದವು. ಆಗ ಬಂದ ಬೆದರಿಕೆಯ ಇ-ಮೇಲ್ ಎಲ್ಲಿಂದ ಹೋಗಿತ್ತು? ನವಿ ಮುಂಬೈಯಲ್ಲಿದ್ದ ಒಬ್ಬ ಅಮೆರಿಕನ್ನರ ಮನೆಯ ವೈಫೈನಿಂದ. ಅವರಿಗೆ ಅದರ ಸುದ್ದಿಯೇ ಗೊತ್ತಿರಲಿಲ್ಲ, ಆದರೂ ಪೊಲೀಸರು ಮೊದಲು ಹೋಗಿದ್ದು ಅವರ ಮನೆಗೇ. ನಮ್ಮ ಲೈನಿನಿಂದ ಯಾರೋ ಏನೋ ಮಾಡಿದರೆ ನಿಮ್ಮ ದಾಖಲೆಯಲ್ಲಿ ಕಾಣುವುದು ನಮ್ಮ ಮನೆಯವರ ಹೆಸರು, ನಮ್ಮ ಮನೆಯ ವಿಳಾಸ. ಆಗ ಪಾಸ್‌ವರ್ಡ್ ನಿಮ್ಮ ಹುಡುಗ ಹಾಕಿದ್ದು ಅಂತ ಯಾರಿಗೆ ಹೇಳಲಿ?

ಅಡ್ಮಿನ್ ಪಾಸ್‌ವರ್ಡ್ ಅಂತೂ ಇನ್ನೂ ದೊಡ್ಡ ವಿಷಯ. ಆ ಪುಟದೊಳಗೆ ಹೊಕ್ಕವರು ಯಾವ ಹೆಸರು ಯಾವ ಪುಟಕ್ಕೆ ಹೋಗಬೇಕು ಅಂತ ತೋರಿಸುವ ಡಿಎನ್‌ಎಸ್ ಅನ್ನುವ ಒಂದು ಸಾಲು ಬದಲಿಸಿದರೆ, ಬ್ಯಾಂಕಿನ ವಿಳಾಸ ಸರಿಯಾಗಿ ಟೈಪ್ ಮಾಡಿದರೂ ಕಳ್ಳರ ಪುಟಕ್ಕೆ ಹೋಗುವ ಅಪಾಯ ಇದೆ. 2016ರಲ್ಲಿ ಮಿರಾಯ್ ಅನ್ನುವ ದುಷ್ಟ ತಂತ್ರಾಂಶ ಲಕ್ಷಗಟ್ಟಲೆ ಕ್ಯಾಮೆರಾ, ರೂಟರ್‌ಗಳಿಗೆ ನುಗ್ಗಿದ್ದು ದೊಡ್ಡ ವಿದ್ಯೆಯಿಂದೇನೂ ಅಲ್ಲ. ಕಾರ್ಖಾನೆಯಲ್ಲಿ ಹಾಕಿದ 60ರಷ್ಟು ಹಳೇ ಹೆಸರು-ಪಾಸ್‌ವರ್ಡ್ ಜೋಡಿಗಳನ್ನು ಹಚ್ಚಿ ನೋಡಿಯೇ ನುಗ್ಗಿತ್ತು. ನೀವು ಕಲಬುರಗಿಯ ಎಲ್ಲ ರೂಟರ್‌ಗಳಿಗೂ ಒಂದೇ ಅಡ್ಮಿನ್ ಪಾಸ್‌ವರ್ಡ್ ಇಟ್ಟಿದ್ದೀರಾ, ಬೇರೆ ಬೇರೆ ಇಟ್ಟಿದ್ದೀರಾ? ಟೆಕ್ನಿಷಿಯನ್ ಯಾವ ಚೀಟಿಯನ್ನೂ ನೋಡದೆ ಬಾಯಿಪಾಠದಿಂದ ಟೈಪ್ ಮಾಡಿದ್ದನ್ನು ಕಂಡು ನನಗೆ ಹೆದರಿಕೆಯಾಗಿದೆ. ಇದಕ್ಕೆ ಬರವಣಿಗೆಯಲ್ಲಿ ಉತ್ತರ ಬೇಕು.

ಇನ್ನೊಂದು ಮಾತು. ನಮ್ಮ ರೂಟರಿನಲ್ಲಿ ಡಬ್ಲ್ಯುಪಿಎಸ್ ಚಾಲೂ ಇದೆ, ಅಂದರೆ ಪಾಸ್‌ವರ್ಡ್ ಬದಲು ಒಂದು ಪಿನ್ ಸಂಖ್ಯೆ ಹಾಕಿ ವೈಫೈಗೆ ಸೇರುವ ದಾರಿ. ಅದರ 8 ಅಂಕಿಯ ಪಿನ್ನನ್ನು ರೂಟರ್ ನಾಲ್ಕು ನಾಲ್ಕು ಅಂಕಿಯ ಎರಡು ತುಂಡು ಮಾಡಿ ಬೇರೆ ಬೇರೆ ನೋಡುತ್ತದೆ, ಕೊನೆಯ ಅಂಕಿ ಬರೀ ತಾಳೆಗೆ. ಹಾಗಾಗಿ 10,000ಕ್ಕೆ 1,000 ಕೂಡಿಸಿ 11,000 ಸಲ ಪ್ರಯತ್ನಿಸಿದರೆ ಪಿನ್ ಸಿಗುತ್ತದೆ ಅಂತ 2011ರಲ್ಲೇ ಜಗತ್ತಿಗೆ ಗೊತ್ತಾಗಿದೆ. ಪಾಸ್‌ವರ್ಡ್ ಎಷ್ಟೇ ಉದ್ದ ಇಟ್ಟರೂ ಈ ಹಿತ್ತಲ ಬಾಗಿಲು ತೆರೆದಿದ್ದರೆ ಏನು ಉಪಯೋಗ? ಅದನ್ನು ಮುಚ್ಚಲು ನನಗೆ ಅಡ್ಮಿನ್ ಪುಟ ಬೇಕು.

ನನ್ನ ಬೇಡಿಕೆ ದೊಡ್ಡದೇನಲ್ಲ. ನಮ್ಮ ರೂಟರಿನ ಅಡ್ಮಿನ್ ಪಾಸ್‌ವರ್ಡ್, ಪಿಪಿಪಿಒಇ ವಿವರ, ವಿಲ್ಯಾನ್ ಸಂಖ್ಯೆ, ಇವನ್ನು ಲಕೋಟೆಯಲ್ಲಿ ಹಾಕಿ ಕೊಡಿ. ರಿಪೇರಿಗೆ ನಿಮಗೂ ಒಳಗೆ ಬರುವ ದಾರಿ ಬೇಕು ಅಂದರೆ ಇಟ್ಟುಕೊಳ್ಳಿ, ಅದಕ್ಕೆ ನನ್ನ ಅಡ್ಡಿ ಇಲ್ಲ. ಆದರೆ ಆ ದಾರಿಯ ಪಾಸ್‌ವರ್ಡ್ ಮನೆ ಮನೆಗೆ ಬೇರೆ ಇರಲಿ. ಡಬ್ಲ್ಯುಪಿಎಸ್ ಬಂದ್ ಮಾಡಿ. ಮನೆಗೆ ಬಂದವರಿಗೆ ಕೊಡಲು ಗೆಸ್ಟ್ ವೈಫೈ ಬೇರೆ ಮಾಡಿಕೊಡಿ, ಟ್ಯೂಷನ್ ಮಕ್ಕಳಿಗೆ ಅದು ಸಾಕು. 300 ರೂಪಾಯಿ ವಾಪಸ್ ಬರಬೇಕು, 4 ದಿನದ ಬಾಬ್ತು 94 ರೂಪಾಯಿಯೂ ಮುಂದಿನ ಬಿಲ್‌ನಲ್ಲಿ ಕಡಿಮೆಯಾಗಬೇಕು. ಎಲ್ಲಕ್ಕಿಂತ ಮುಖ್ಯವಾಗಿ, ನಮ್ಮ ಓಣಿಯ ಪ್ರತಿ ಮನೆಗೂ ನಿಮ್ಮವರು ಹೋಗಿ ಮೊಬೈಲ್ ನಂಬರಿನ ಪಾಸ್‌ವರ್ಡ್ ತೆಗೆಸಬೇಕು. ಹೊಸದನ್ನು ಮನೆಯವರೇ ಆರಿಸಲಿ, ಒಂದು ಹಾಳೆಯಲ್ಲಿ ಬರೆದು ಕಪಾಟಿನಲ್ಲಿ ಇಟ್ಟುಕೊಳ್ಳಲಿ. ಏನು ಮಾಡಬೇಕು ಅಂತ ಕನ್ನಡದಲ್ಲಿ ಒಂದು ಚೀಟಿ ಅಚ್ಚು ಹಾಕಿಸಿ ಕೊಡಿ. ಬರೆದುಕೊಡಲು ಜನ ಇಲ್ಲ ಅಂದರೆ ನಾನೇ ಬರೆದುಕೊಡುತ್ತೇನೆ, ದುಡ್ಡು ಬೇಡ.

ನನ್ನ ಹಳೆಯ ದೂರುಗಳ ಡಾಕೆಟ್ ನಂಬರ್‌ಗಳನ್ನು ಬಿಲ್ ಪ್ರತಿಯ ಹಿಂದೆ ಬರೆದಿದ್ದೇನೆ. ದೂರಸಂಪರ್ಕ ನಿಯಂತ್ರಣ ಪ್ರಾಧಿಕಾರ ಟ್ರಾಯ್‌ನ 2012ರ ದೂರು ಪರಿಹಾರ ನಿಯಮಗಳಂತೆ ಇಲ್ಲಿ ನ್ಯಾಯ ಸಿಗದಿದ್ದರೆ ನಿಮ್ಮ ಮೇಲ್ಮನವಿ ಪ್ರಾಧಿಕಾರಕ್ಕೆ ಹೋಗುತ್ತೇನೆ. ಅಲ್ಲಿಯೂ ಆಗದಿದ್ದರೆ ಗ್ರಾಹಕ ಸಹಾಯವಾಣಿ 1915 ಇದೆ, ಜಿಲ್ಲಾ ಗ್ರಾಹಕರ ಆಯೋಗ ಇದೆ. ಅಷ್ಟು ದೂರ ಹೋಗುವ ಆಸೆ ನನಗಿಲ್ಲ.

ಟೆಕ್ನಿಷಿಯನ್‌ನನ್ನು ಬೆಳಿಗ್ಗೆ 10ರಿಂದ 12ರೊಳಗೆ ಕಳಿಸಿ. ಸಂಜೆ 5ರ ಮೇಲೆ ಕ್ಲಾಸ್ ಇರುತ್ತದೆ. ಮನೆ ಹುಡುಕುವುದು ಕಷ್ಟವಲ್ಲ, ಗೇಟಿಗೆ ನೀಲಿ ಬೋರ್ಡ್ ಇದೆ.

ಇಂತಿ,
ನಿಮ್ಮ ಗ್ರಾಹಕಿ
ಬ್ರಹ್ಮಪುರ, ಕಲಬುರಗಿ

ಲಗತ್ತು: ಮೇ ತಿಂಗಳ ಬಿಲ್ ಪ್ರತಿ, ಆ್ಯಪ್‌ನಲ್ಲಿ 14 ಸಾಧನಗಳು ಕಂಡ ಪುಟದ ಚಿತ್ರ, ಗೇಟಿನ ಬೋರ್ಡಿನ ಫೋಟೊ.